ಫ್ನೋಮ್ ಪೆನ್‌ನಲ್ಲಿ ಒಂದೇ ಸಂಜೆ: ಟುಕ್‌ಟುಕ್‌ನಲ್ಲಿ ಏನೇನು ನೋಡಬಹುದು?

ಹಾಸನದ ಹುಡುಗಿ:
ಎಲ್ಲರಿಗೂ ನಮಸ್ಕಾರ. ಡಿಸೆಂಬರ್‌ನಲ್ಲಿ ಅಪ್ಪ, ಅಮ್ಮನನ್ನು ಕಾಂಬೋಡಿಯಕ್ಕೆ ಕರೆದುಕೊಂಡು ಹೋಗುತ್ತಿದ್ದೇನೆ. ಅಂಕೋರ್ ವಾಟ್‌ಗೆ ಬೇಕಾದಷ್ಟು ದಿನ ಇಟ್ಟುಕೊಂಡಿದ್ದೇವೆ. ರಾಜಧಾನಿ ಫ್ನೋಮ್ ಪೆನ್‌ಗೆ ಮಾತ್ರ ಸಿಗುವುದು ಒಂದು ಸಂಜೆ. ಹೋಟೆಲ್ ಸೇರುವಷ್ಟರಲ್ಲಿ ನಾಲ್ಕು ಗಂಟೆ ಆಗುತ್ತದೆ. ಅರಮನೆ, ಮ್ಯೂಸಿಯಂ ಎರಡೂ ಐದಕ್ಕೆ ಮುಚ್ಚುತ್ತವಂತೆ. ಹಾಗಿದ್ದರೆ ಟುಕ್‌ಟುಕ್ ಮಾಡಿಕೊಂಡು ಸುತ್ತಿ ಏನು ನೋಡುವುದು? ಸುಮ್ನೆ ರೂಮಿನಲ್ಲಿ ಸುಧಾರಿಸಿಕೊಳ್ಳುವುದೇ ಒಳ್ಳೆಯದಾ? ಅಮ್ಮನಿಗೆ ಮಂಡಿ ನೋವು, ಜಾಸ್ತಿ ನಡೆಯುವುದಕ್ಕೆ ಆಗುವುದಿಲ್ಲ. ಮೂವರೂ ಸಸ್ಯಾಹಾರಿಗಳು. ಹೋಗಿ ಬಂದವರು ದಯವಿಟ್ಟು ಹೇಳಿ.

ನದೀತೀರ:
ತಂಗಿ, ಖಂಡಿತ ಹೊರಡಿ. ಕೆಲಸದ ಮೇಲೆ ನಾನು ಇದೇ ಊರಿನಲ್ಲಿದ್ದೇನೆ, ಅದಕ್ಕೇ ಧೈರ್ಯವಾಗಿ ಹೇಳುತ್ತೇನೆ. ಇಲ್ಲಿ ಮಧ್ಯಾಹ್ನ ಬೀದಿಯಲ್ಲಿ ನಿಲ್ಲುವುದಕ್ಕೇ ಆಗುವುದಿಲ್ಲ, ಅಷ್ಟು ಬಿಸಿಲು. ಐದು ಗಂಟೆ ಆಯಿತು ಅಂದರೆ ಊರಿಗೆ ಊರೇ ಹೊರಗೆ ಬರುತ್ತದೆ. ಟಿಕೆಟ್ ತೆಗೆದುಕೊಂಡು ಒಳಗೆ ಹೋಗಿ ನೋಡುವ ಜಾಗಗಳು ಮುಚ್ಚಿರುತ್ತವೆ, ನಿಜ. ಆದರೆ ಸಂಜೆ ನೋಡಬೇಕಾದದ್ದೆಲ್ಲ ಹೊರಗೇ ಇದೆ.

ಮೊದಲು ದಿಕ್ಕು ಗೊತ್ತಿರಲಿ. ಊರಿನ ಪೂರ್ವಕ್ಕೆ ಟೊನ್ಲೆ ಸಾಪ್ ನದಿ. ಅರಮನೆಯ ಎದುರಿಗೇ ಅದು ಮೆಕಾಂಗ್ ಸೇರುತ್ತದೆ, ಅಲ್ಲಿಂದಲೇ ಬಸಾಕ್ ನದಿ ಬೇರೆಯಾಗಿ ಹೊರಡುತ್ತದೆ. ದಂಡೆಯಲ್ಲಿ ನಿಂತು ನೀರು ನೋಡುತ್ತಿದ್ದರೆ ಸೂರ್ಯ ನಿಮ್ಮ ಬೆನ್ನ ಹಿಂದೆ ಮುಳುಗುತ್ತಾನೆ. ಎಷ್ಟೋ ಜನ ಸೂರ್ಯಾಸ್ತ ಎಲ್ಲಿ ಅಂತ ನದಿ ಕಡೆ ಹುಡುಕುತ್ತಾರೆ. ನೀವು ನದಿಗೆ ಬೆನ್ನು ಹಾಕಿ ಅರಮನೆ ಕಡೆ ತಿರುಗಿ. ಡಿಸೆಂಬರ್‌ನಲ್ಲಿ ಐದೂವರೆ ದಾಟಿದ ಮೇಲೆ ಆ ಚೂಪು ಚೂಪು ಹೊನ್ನಿನ ಗೋಪುರಗಳ ಹಿಂದೆ ಆಕಾಶ ಕೆಂಪಾಗುತ್ತದೆ. ಅದಕ್ಕೆ ಟಿಕೆಟ್ ಇಲ್ಲ.

ಅರಮನೆಯ ಗೋಡೆ ಮೇಲೆ ಬೀದಿಗೆ ಮುಖ ಮಾಡಿ ಒಂದು ತೆರೆದ ಮಂಟಪ ಇದೆ. ಹೆಸರು ಚಾನ್ ಛಾಯಾ. ಬೆಳದಿಂಗಳಿನಲ್ಲಿ ಅರಮನೆಯ ನೃತ್ಯ ನಡೆಯಲಿ ಅಂತ ಕಟ್ಟಿದ್ದು. ರಾತ್ರಿ ಅದಕ್ಕೆ ದೀಪ ಹಾಕುತ್ತಾರೆ. ಅದರ ಮುಂದಿನ ಹುಲ್ಲುಹಾಸಿನಲ್ಲಿ ಮನೆಮಂದಿಯೆಲ್ಲ ಚಾಪೆ ಹಾಸಿಕೊಂಡು ಕೂತಿರುತ್ತಾರೆ. ಪಾರಿವಾಳಕ್ಕೆ ಜೋಳ ಹಾಕುವ ಮಕ್ಕಳು, ತಾವರೆ ಮೊಗ್ಗು ಮಾರುವವರು. ರಸ್ತೆ ದಾಟಿ ನದಿ ಪಕ್ಕ ಹೋದರೆ ದೋಂಗ್ಕಾ ಅನ್ನುವ ಚಿಕ್ಕ ಗುಡಿ. ಊರಿನವರು ಕೆಲಸ ಆಗಲಿ, ಕಾಯಿಲೆ ವಾಸಿಯಾಗಲಿ ಅಂತ ಹರಕೆ ಹೊರುವುದು ಇಲ್ಲಿ. ಊದುಬತ್ತಿಯ ಹೊಗೆ, ತಾವರೆ, ವಾದ್ಯದವರ ಸದ್ದು. ಅಮ್ಮನಿಗೆ ಅರಮನೆಯ ಒಳಗಿನ ಬೆಳ್ಳಿ ನೆಲಕ್ಕಿಂತ ಇದೇ ಹೆಚ್ಚು ಹಿಡಿಸಬಹುದು. ಇಲ್ಲಿ ಕನಿಷ್ಠ ಮುಕ್ಕಾಲು ಗಂಟೆ ಕೂತುಕೊಳ್ಳಿ. ಉಳಿದದ್ದೆಲ್ಲ ಗಾಡಿಯಲ್ಲಿ ಕೂತೇ ನೋಡಬಹುದು.

ಆಟೋ ಗೆಳೆಯ:
ಮೇಡಂ, ಗಾಡಿ ವಿಷಯ ನಾನು ಹೇಳುತ್ತೇನೆ. ಫ್ನೋಮ್ ಪೆನ್‌ನಲ್ಲಿ ಟುಕ್‌ಟುಕ್ ಅಂದರೆ ಎರಡು ಜಾತಿ. ಹಳೆಯದು ರೆಮೊರ್ಕ್. ಮೋಟರ್‌ಬೈಕಿನ ಹಿಂದೆ ಚಾವಣಿ ಇರುವ ಒಂದು ಬಂಡಿ ಸಿಕ್ಕಿಸಿರುತ್ತಾರೆ. ಎದುರುಬದುರು ನಾಲ್ಕು ಜನ ಕೂರಬಹುದು. ಹೊಸದು ನಮ್ಮ ಬಜಾಜ್ ಆಟೋನೇ! ಬೆಂಗಳೂರಿನ ರಸ್ತೆಯಲ್ಲಿ ಓಡುವ ಅದೇ ಆರ್‌ಇ ಮಾದರಿ, ಗ್ಯಾಸ್‌ನಲ್ಲಿ ಓಡುತ್ತದೆ. ಬಜಾಜ್‌ನ ಮೂರು ಚಕ್ರದ ಗಾಡಿಗಳ ಕಾರ್ಖಾನೆ ಇರುವುದು ಮಹಾರಾಷ್ಟ್ರದ ವಾಳೂಜ್‌ನಲ್ಲಿ. ಅಷ್ಟು ದೂರದ ಊರಿನಲ್ಲಿ ಸಾಲಾಗಿ ಅದೇ ಆಟೋ ನೋಡಿದಾಗ ನನಗೆ ನಿಜಕ್ಕೂ ಖುಷಿಯಾಯಿತು.

2016ರಲ್ಲಿ ಪಾಸ್‌ಆಪ್ ಅನ್ನುವ ಅಲ್ಲಿಯದೇ ಆಪ್ ಬಂತು. ಆಮೇಲೆ ಗ್ರ್ಯಾಬ್ ಕೂಡ ಬಂತು. ಫೋನಿನಲ್ಲಿ ಎಲ್ಲಿಂದ ಎಲ್ಲಿಗೆ ಅಂತ ಹಾಕಿದರೆ ಬಾಡಿಗೆ ಅಲ್ಲೇ ಕಾಣುತ್ತದೆ. ಚೌಕಾಸಿ ಇಲ್ಲ, ಭಾಷೆಯ ತೊಂದರೆ ಇಲ್ಲ. ಊರೊಳಗಿನ ಸಣ್ಣ ಓಡಾಟಕ್ಕೆ ಒಂದೆರಡು ಡಾಲರ್ ಸಾಕು. ಅರಮನೆಗೆ ಒಂದು ಆಟೋ, ಅಲ್ಲಿಂದ ಬೆಟ್ಟದ ಮೇಲಿನ ಬೌದ್ಧ ದೇವಸ್ಥಾನ ವಾಟ್ ಫ್ನೋಮ್‌ಗೆ ಇನ್ನೊಂದು, ಹೀಗೆ ಮಾಡಿ. ಇಡೀ ಸಂಜೆಗೆ ಒಬ್ಬನನ್ನೇ ಹಿಡಿದುಕೊಂಡರೆ ಎರಡರಷ್ಟು ಕೊಡಬೇಕಾಗುತ್ತದೆ.

ನದೀತೀರ:
ಆಟೋ ಗೆಳೆಯರೇ, ಒಬ್ಬರೇ ಇದ್ದಾಗ ನಾನೂ ಆಪ್‌ನಲ್ಲೇ ಓಡಾಡುತ್ತೇನೆ. ಕೆಲಸಕ್ಕೆ ಹೋಗಿ ಬರುವುದಕ್ಕೆ ಅದೇ ಸರಿ. ಊರು ನೋಡುವುದಕ್ಕೆ ಮಾತ್ರ ನಾನು ಒಪ್ಪುವುದಿಲ್ಲ. ಆಟೋದ ಹಿಂದಿನ ಸೀಟಿನಲ್ಲಿ ಮೂವರು ದೊಡ್ಡವರು ಕೂತರೆ ನಡುವಿನವರಿಗೆ ಕಾಣುವುದು ಡ್ರೈವರ್‌ನ ಬೆನ್ನು. ಚಾವಣಿ ಕೆಳಗಿದೆ, ಎತ್ತರದ ಕಟ್ಟಡ ಬಂದರೆ ಬಗ್ಗಿ ಇಣುಕಬೇಕು. ರೆಮೊರ್ಕ್‌ನಲ್ಲಿ ಕಾಲು ಚಾಚಿ ಕೂರಬಹುದು, ಎರಡೂ ಬದಿ ತೆರೆದಿರುತ್ತದೆ. ನಿಧಾನ ಓಡುತ್ತದೆ, ಸಂಜೆ ಸುತ್ತಾಟಕ್ಕೆ ಆ ನಿಧಾನವೇ ಬೇಕು. ಮಂಡಿ ನೋವಿನ ಅಮ್ಮ ಜೊತೆಗಿರುವಾಗ ಪ್ರತಿ ಸಲ ಹೊಸ ಗಾಡಿಗೆ ರಸ್ತೆ ಬದಿಯಲ್ಲಿ ಕಾಯುವುದು ಬೇರೆ ಕಷ್ಟ, ಅಲ್ವಾ?

ಇನ್ನೊಂದು ಮಾತು. ಆಪ್ ಬಂದ ಮೇಲೆ ರೆಮೊರ್ಕ್ ಓಡಿಸುವ ಹಳಬರಿಗೆ ಬಾಡಿಗೆ ಕಡಿಮೆಯಾಗಿದೆ. ಹೋಟೆಲ್ ಮುಂದೆ ಬಂಡಿಯೊಳಗೆ ಹಗ್ಗದ ಉಯ್ಯಾಲೆ ಕಟ್ಟಿಕೊಂಡು ಮಲಗಿ ಕಾಯುತ್ತಿರುತ್ತಾರೆ. ಯಾವ ಬೀದಿಯಲ್ಲಿ ಯಾವ ಹೊತ್ತಿಗೆ ಜನ ಸೇರುತ್ತಾರೆ ಅನ್ನುವುದು ಅವರಿಗೆ ಗೊತ್ತು. ಅವರ ಒಂದು ಸಂಜೆಯನ್ನು ನೀವು ಕೊಂಡರೆ ಇಬ್ಬರಿಗೂ ಒಳ್ಳೆಯದು.

ಆಟೋ ಗೆಳೆಯ:
ಅದು ಸರಿ ಸರ್, ಮೂವರು ಇದ್ದಾರೆ ಅನ್ನುವುದನ್ನು ಲೆಕ್ಕಕ್ಕೆ ತಗೊಂಡರೆ ರೆಮೊರ್ಕ್ ಒಪ್ಪುತ್ತೇನೆ. ಆದರೆ ಹತ್ತುವ ಮೊದಲೇ ಎಲ್ಲ ಬಿಡಿಸಿ ಮಾತಾಡಿಕೊಳ್ಳಿ ಮೇಡಂ. ಎಷ್ಟು ಗಂಟೆ, ಎಲ್ಲೆಲ್ಲಿ ನಿಲ್ಲಬೇಕು, ಒಟ್ಟು ಎಷ್ಟು ಡಾಲರ್, ಮೂವರಿಗೂ ಸೇರಿಯೇ ತಾನೇ, ಕೊನೆಗೆ ಹೋಟೆಲ್‌ಗೆ ಬಿಡುತ್ತಾರಾ. ಫೋನಿನಲ್ಲಿ ಅಂಕಿ ಬರೆದು ತೋರಿಸಿ. ನಾನು ಹೋದಾಗ ಮೂರು ಗಂಟೆಯ ಸುತ್ತಾಟಕ್ಕೆ ಹದಿನೈದು ಡಾಲರ್ ಕೊಟ್ಟಿದ್ದೆ. ಹಣ ಕೊನೆಯಲ್ಲಿ ಕೊಡಿ. ನಡುವೆ ರೇಷ್ಮೆ ಅಂಗಡಿಗೋ ಒಡವೆ ಅಂಗಡಿಗೋ ಕರೆದರೆ ನಕ್ಕು ಬೇಡ ಅನ್ನಿ, ಅಷ್ಟಕ್ಕೇ ಬಿಡುತ್ತಾರೆ.

ಕಟ್ಟಡಗಳ ಹಿಂದೆ:
ನಾನು ವಾಸ್ತುಶಿಲ್ಪ ಓದಿದವನು. ಈ ಊರಿನ ಕಟ್ಟಡಗಳ ಬಗ್ಗೆ ಯಾರೂ ಹೇಳಲಿಲ್ಲವಲ್ಲ ಅಂತ ಬರೆಯುತ್ತಿದ್ದೇನೆ. ಸ್ವಲ್ಪ ಉದ್ದ ಆಗಬಹುದು.

ಫ್ನೋಮ್ ಪೆನ್‌ನ ಸಂಜೆ ಸುತ್ತಾಟದಲ್ಲಿ ಎಲ್ಲರೂ ಸ್ವಾತಂತ್ರ್ಯ ಸ್ಮಾರಕಕ್ಕೆ ಹೋಗುತ್ತಾರೆ. 37 ಮೀಟರ್ ಎತ್ತರ, ತಾವರೆ ಮೊಗ್ಗಿನ ಆಕಾರ, ಮೆಟ್ಟಿಲು ಮೆಟ್ಟಿಲಾಗಿ ಮೇಲೇರುವ ಕೆಂಪು ಗೋಪುರ, ಅಂಚಿನ ತುಂಬ ನಾಗನ ಹೆಡೆಗಳು. ನೋಡಿದವರು ಹಳೆಯ ದೇವಸ್ಥಾನ ಅಂದುಕೊಳ್ಳುತ್ತಾರೆ. ಕಟ್ಟಿದ್ದು 1958ರಲ್ಲಿ. ಫ್ರೆಂಚರಿಂದ 1953ರ ನವೆಂಬರ್ 9ರಂದು ಸಿಕ್ಕ ಸ್ವಾತಂತ್ರ್ಯದ ನೆನಪಿಗೆ. ಕಟ್ಟಿದವರು ವಾನ್ ಮೊಲಿವಾನ್. ಪ್ಯಾರಿಸ್‌ನಲ್ಲಿ ಓದಿ ಬಂದ ಯುವಕ, ಆಗಿನ್ನೂ ಮೂವತ್ತರ ಆಸುಪಾಸು. ಅಂಕೋರ್‌ನ ಗೋಪುರದ ರೂಪವನ್ನು ಹೊಸ ಊರಿನ ನಾಲ್ಕು ರಸ್ತೆಯ ನಡುವೆ ತಂದು ನಿಲ್ಲಿಸಿದರು. ರಾತ್ರಿ ದೀಪ ಬಿದ್ದಾಗ ಅದರ ಪ್ರತಿ ಮೆಟ್ಟಿಲೂ ಎದ್ದು ಕಾಣುತ್ತದೆ. ಹಗಲಿನ ಬಿಸಿಲಿನಲ್ಲಿ ಅಷ್ಟು ಚೆನ್ನಾಗಿ ಕಾಣುವುದಿಲ್ಲ. ಗಾಡಿ ಅದರ ಸುತ್ತ ಬಳಸಿ ಹೋಗುತ್ತದೆ, ವೃತ್ತದಲ್ಲಿ ನಿಲ್ಲಿಸುವುದಕ್ಕೆ ಆಗುವುದಿಲ್ಲ. ಪೂರ್ವದ ಉದ್ಯಾನದ ಪಕ್ಕ ಇಳಿಸಲು ಹೇಳಿ. ಅಲ್ಲೇ ಮುಂದೆ ನೊರೊಡೊಮ್ ಸಿಹಾನೂಕ್ ದೊರೆಯ ಕಂಚಿನ ಪ್ರತಿಮೆ ಇದೆ. ಅದು ಈಚಿನದು, 2013ರದ್ದು. ಸುತ್ತ ಜನ ವಾಕಿಂಗ್ ಮಾಡುತ್ತಿರುತ್ತಾರೆ.

ಅರಮನೆಯಿಂದ ಸ್ವಲ್ಪ ದಕ್ಷಿಣಕ್ಕೆ, ನದಿ ದಂಡೆಯಲ್ಲೇ, ಚಾಕ್ತೊಮುಕ್ ಸಭಾಂಗಣ ಸಿಗುತ್ತದೆ. ಬೀಸಣಿಗೆ ಬಿಚ್ಚಿಟ್ಟ ಹಾಗಿರುವ ಚಾವಣಿ. ಅದೂ ಮೊಲಿವಾನ್ ಅವರದೇ, 1961. ಸಮಯ ಇದ್ದರೆ ಅವರ ಒಲಿಂಪಿಕ್ ಕ್ರೀಡಾಂಗಣಕ್ಕೂ ಹೋಗಿ. ಸಂಜೆ ಗ್ಯಾಲರಿಯ ಮೇಲಿನ ಅಂಚಿನಲ್ಲಿ ಸ್ಪೀಕರ್ ಇಟ್ಟುಕೊಂಡು ನೂರಾರು ಜನ ಏರೋಬಿಕ್ಸ್ ಮಾಡುತ್ತಾರೆ. ಅಜ್ಜಿಯರೂ ಇರುತ್ತಾರೆ. ಯಾರು ಬೇಕಾದರೂ ಸೇರಿಕೊಳ್ಳಬಹುದು.

1970ರ ದಶಕದಲ್ಲಿ ಮೊಲಿವಾನ್ ದೇಶ ಬಿಟ್ಟು ಹೋಗಬೇಕಾಯಿತು. 1991ರಲ್ಲಿ ವಾಪಸ್ ಬಂದರು. 2017ರಲ್ಲಿ ತೀರಿಕೊಂಡರು. ಅವರು ಕಟ್ಟಿದ್ದ ರಾಷ್ಟ್ರೀಯ ರಂಗಮಂದಿರ 1994ರಲ್ಲಿ ಬೆಂಕಿಗೆ ಸಿಕ್ಕಿ, 2008ರಲ್ಲಿ ನೆಲಸಮವಾಯಿತು. ಉಳಿದವನ್ನಾದರೂ ಕಣ್ಣು ತುಂಬ ನೋಡಿ ಬನ್ನಿ ಅಂತ ಕೇಳಿಕೊಳ್ಳುತ್ತೇನೆ.

ಮಲೆನಾಡಿನವಳು:
ಕಟ್ಟಡಗಳ ಹಿಂದೆ ಅವರೇ, ಸೆಂಟ್ರಲ್ ಮಾರ್ಕೆಟ್ ಬಿಟ್ಟುಬಿಟ್ಟಿರಲ್ಲ? ಆ ಹಳದಿ ಗುಮ್ಮಟ ನನಗೆ ಬಹಳ ಇಷ್ಟವಾಯಿತು.

ಕಟ್ಟಡಗಳ ಹಿಂದೆ:
ಬೇಕೆಂದೇ ಬಿಟ್ಟೆ ಮೇಡಂ. 1937ರ ಕಟ್ಟಡ, ನಡುವೆ ಗುಮ್ಮಟ, ನಾಲ್ಕು ಕಡೆ ಚಾಚಿದ ರೆಕ್ಕೆಗಳು. ಅದರ ಸೊಗಸು ಇರುವುದು ಒಳಗೆ. ಜಾಲರಿಯಿಂದ ಬೆಳಕು ಇಳಿದು ಬರುವಾಗ ನೋಡಬೇಕು. ಸಂಜೆ ಅಂಗಡಿಗಳು ಬಾಗಿಲು ಹಾಕಿಬಿಡುತ್ತವೆ. ಅದನ್ನು ಬೆಳಿಗ್ಗೆಗೆ ಇಟ್ಟುಕೊಳ್ಳಿ. ಸಂಜೆಗಾದರೆ ರೈಲು ನಿಲ್ದಾಣ ಮತ್ತು ಹಳೆಯ ಅಂಚೆ ಕಚೇರಿಯ ಚೌಕ. ಎರಡೂ ವಾಟ್ ಫ್ನೋಮ್‌ಗೆ ಹೋಗುವ ದಾರಿಯಲ್ಲೇ ಹತ್ತಿರ ಹತ್ತಿರ ಇವೆ. ಫ್ರೆಂಚರ ಕಾಲದ ಊರು ಹೇಗಿತ್ತು ಅನ್ನುವುದು ಆ ಚೌಕದಲ್ಲಿ ನಿಂತರೆ ಗೊತ್ತಾಗುತ್ತದೆ.

ಹಾಸನದ ಹುಡುಗಿ:
ಇಷ್ಟೊಂದು ವಿವರ! ತುಂಬಾ ಥ್ಯಾಂಕ್ಸ್. ವಾಟ್ ಫ್ನೋಮ್ ಬೆಟ್ಟದ ಮೇಲಿದೆ ಅಂತೀರಿ. ಅಮ್ಮ ಹತ್ತಬಹುದಾ?

ನದೀತೀರ:
ಬೆಟ್ಟ ಅನ್ನುವುದು ಹೆಸರಿಗೆ, ಎತ್ತರ 27 ಮೀಟರ್ ಅಷ್ಟೇ. ಆದರೂ ಮೆಟ್ಟಿಲಿದೆ. ಮಂಡಿ ನೋವಿದ್ದರೆ ಹತ್ತಿಸಬೇಡಿ. ಅದು ದೊಡ್ಡ ವೃತ್ತದ ನಡುವೆ ಇರುವುದರಿಂದ ಗಾಡಿ ಸುತ್ತ ಒಂದು ಬಳಸು ಬರುತ್ತದೆ. ಪೂರ್ವದ ಮೆಟ್ಟಿಲಿನ ಕೆಳಗೆ ನಿಲ್ಲಿಸಿದರೆ ಎರಡು ಕಡೆಯ ನಾಗಗಳು, ಸಿಂಹಗಳು, ಮೇಲೆ ಬಿಳಿ ಸ್ತೂಪ, ಎಲ್ಲ ಕಾಣುತ್ತದೆ. ಅಪ್ಪ ಬೇಕಾದರೆ ಹತ್ತಿ ಬರಲಿ, ಹೊರಗಿನವರಿಗೆ ಒಂದು ಡಾಲರ್ ಟಿಕೆಟ್.

ಅಮ್ಮನಿಗೆ ಈ ಕಥೆ ಹೇಳಿ. 1372ರಲ್ಲಿ ಪೆನ್ ಅನ್ನುವ ಅಜ್ಜಿಗೆ ನದಿಯಲ್ಲಿ ತೇಲಿ ಬಂದ ಮರದೊಳಗೆ ಬುದ್ಧನ ನಾಲ್ಕು ವಿಗ್ರಹಗಳು ಸಿಕ್ಕವಂತೆ. ಅವುಗಳಿಗೆ ಗುಡಿ ಕಟ್ಟುವುದಕ್ಕೆ ಅಕ್ಕಪಕ್ಕದವರನ್ನು ಸೇರಿಸಿ ಮಣ್ಣು ಹಾಕಿಸಿ ಈ ಗುಡ್ಡ ಮಾಡಿಸಿದಳಂತೆ. ಊರಿಗೆ ಅವಳದೇ ಹೆಸರು. ಅಜ್ಜಿಗೆ ಅಲ್ಲಿ ಬೇರೆ ಗುಡಿಯೂ ಇದೆ. ಹೆಂಗಸರು ಬಂದು ಬೇಡಿಕೊಳ್ಳುವುದು ಅಲ್ಲೇ.

ಮಲೆನಾಡಿನವಳು:
ಅಲ್ಲಿ ಒಂದು ವಿಷಯ ಗಮನದಲ್ಲಿರಲಿ ಅಕ್ಕ. ವಾಟ್ ಫ್ನೋಮ್ ಹತ್ತಿರವೂ ಅರಮನೆ ಮುಂದೆಯೂ ಪಂಜರದಲ್ಲಿ ಪುಟ್ಟ ಹಕ್ಕಿಗಳನ್ನು ಇಟ್ಟುಕೊಂಡು ಮಾರುತ್ತಾರೆ. ದುಡ್ಡು ಕೊಟ್ಟು ಬಿಡಿಸಿದರೆ ಪುಣ್ಯ ಬರುತ್ತದೆ ಅನ್ನುವ ನಂಬಿಕೆ. ನಮ್ಮ ಅಮ್ಮಂದಿರಿಗೆ ನೋಡಿದ ಕೂಡಲೇ ಕನಿಕರ ಬರುತ್ತದೆ. ದಯವಿಟ್ಟು ಕೊಳ್ಳಬೇಡಿ. ಕೊಳ್ಳುವವರು ಇರುವ ತನಕ ಹಿಡಿಯುವವರೂ ಇರುತ್ತಾರೆ. ಹಿಡಿಯುವಾಗ, ಕೂಡಿಹಾಕಿದಾಗ ಎಷ್ಟೋ ಹಕ್ಕಿಗಳು ಸಾಯುತ್ತವೆ. ದೇವರಿಗೆ ಕೊಡಬೇಕು ಅನಿಸಿದರೆ ತಾವರೆ ಮೊಗ್ಗು ಕೊಳ್ಳಲಿ. ಮಾರುವವರೇ ಅದರ ಎಸಳನ್ನು ಒಂದೊಂದಾಗಿ ಮಡಚಿ ಕೊಡುತ್ತಾರೆ, ಅದನ್ನು ನೋಡುವುದೇ ಚೆಂದ.

ಪಯಣಿಗ:
ಎಲ್ಲರೂ ಒಳ್ಳೆಯದನ್ನೇ ಹೇಳುತ್ತಿದ್ದೀರಿ, ಕಳ್ಳರ ವಿಷಯವನ್ನೂ ಹೇಳಬೇಕು. ನದಿ ಪಕ್ಕದ ರಸ್ತೆಯಲ್ಲಿ ನಮ್ಮ ಟುಕ್‌ಟುಕ್ ಸಿಗ್ನಲ್‌ನಲ್ಲಿ ನಿಂತಿತ್ತು. ನನ್ನ ತಂಗಿ ವಿಡಿಯೋ ಮಾಡುತ್ತಿದ್ದಳು. ಬೈಕಿನಲ್ಲಿ ಬಂದ ಇಬ್ಬರು ಕೈಯಿಂದ ಫೋನ್ ಕಿತ್ತುಕೊಂಡು ಹೋದರು. ಕಣ್ಣು ಮಿಟುಕಿಸುವಷ್ಟರಲ್ಲಿ ಮುಗಿದಿತ್ತು. ಡ್ರೈವರ್ ಪಾಪ ಗಾಡಿ ಬಿಟ್ಟು ಓಡಿದ, ಸಿಗಲಿಲ್ಲ. ರೆಮೊರ್ಕ್‌ನ ಎರಡು ಬದಿ ತೆರೆದಿರುವುದು ನೋಡುವುದಕ್ಕೆ ಚೆನ್ನ, ಕಳ್ಳರಿಗೂ ಅಷ್ಟೇ ಸುಲಭ.

ಆಟೋ ಗೆಳೆಯ:
ಕೇಳಿ ಬೇಜಾರಾಯಿತು ಸರ್. ಈ ಊರಿನಲ್ಲಿ ಎಚ್ಚರ ಬೇಕಾದದ್ದು ಇದಕ್ಕೇ. ಬ್ಯಾಗನ್ನು ಸೀಟಿನ ಮೇಲೆ ಇಡಬೇಡಿ, ಕಾಲಿನ ನಡುವೆ ಇಟ್ಟು ಪಟ್ಟಿಯನ್ನು ಕಾಲಿಗೆ ಸುತ್ತಿಕೊಳ್ಳಿ. ಫೋಟೋ ಬೇಕಾದರೆ ಗಾಡಿಯ ನಡುವೆ ಕೂತು ತೆಗೆಯಿರಿ, ಕೈ ಹೊರಗೆ ಚಾಚಬೇಡಿ. ಕೆಲವು ರೆಮೊರ್ಕ್‌ಗಳಿಗೆ ಬದಿಯಲ್ಲಿ ಬಲೆ ಹಾಕಿರುತ್ತಾರೆ, ಅಂಥದ್ದನ್ನೇ ಆರಿಸಿ. ಅಲ್ಲಿ ವಾಹನಗಳು ರಸ್ತೆಯ ಬಲಗಡೆ ಓಡುತ್ತವೆ, ಆದ್ದರಿಂದ ಇಳಿಯುವುದು ಯಾವಾಗಲೂ ಬಲಗಡೆ, ಫುಟ್‌ಪಾತ್ ಕಡೆಗೆ. ಅಮ್ಮ ಅಭ್ಯಾಸಬಲದಿಂದ ಎಡಗಡೆ ಇಳಿದರೆ ಬೈಕುಗಳಿಗೆ ಎದುರಾಗುತ್ತಾರೆ.

ಇತಿಹಾಸದ ಮೇಷ್ಟ್ರು:
ಮಗಳೇ, ಇಲ್ಲಿ ಎಲ್ಲರೂ ಹೇಳಿದ ಜಾಗಗಳನ್ನು ನಾನೂ ನೋಡಿದ್ದೇನೆ. ಒಂದು ಸಂಗತಿ ತಿಳಿದುಕೊಂಡು ಹೋಗಿ. 1975ರ ಏಪ್ರಿಲ್ 17ರಂದು ಖಮೇರ್ ರೂಜ್ ಅನ್ನುವ ಕಮ್ಯುನಿಸ್ಟರ ಪಡೆ ಈ ಊರಿಗೆ ಬಂತು. ಬಂದ ಕೂಡಲೇ ಊರಿನವರನ್ನೆಲ್ಲ ಹಳ್ಳಿಗಳಿಗೆ ಹೊರಡಿಸಿತು. ಆಸ್ಪತ್ರೆಯ ಹಾಸಿಗೆಯಲ್ಲಿದ್ದ ರೋಗಿಗಳನ್ನೂ ಬಿಡಲಿಲ್ಲ. ಸುಮಾರು ಇಪ್ಪತ್ತು ಲಕ್ಷ ಜನರಿದ್ದ ರಾಜಧಾನಿ 1979ರ ಜನವರಿ 7ರ ತನಕ ಹೆಚ್ಚುಕಡಿಮೆ ಖಾಲಿ ಇತ್ತು. ನೀವು ಸಂಜೆ ನೋಡುವ ಈ ಗಲಗಲ, ಚಾಪೆ, ಮಕ್ಕಳು, ಕಬ್ಬಿನ ಹಾಲಿನ ಗಾಡಿ, ಇದೆಲ್ಲ ಆಮೇಲೆ ಮೊದಲಿನಿಂದ ಕಟ್ಟಿಕೊಂಡದ್ದು. ಅದನ್ನು ತಿಳಿದು ನೋಡಿದರೆ ನದಿ ದಂಡೆಯ ಜನಜಂಗುಳಿಯೇ ಆ ಊರಿನ ದೊಡ್ಡ ನೋಟ ಅನಿಸುತ್ತದೆ.

ಟುಕ್‌ಟುಕ್‌ನವರು ಆ ಕಾಲದ ತುವೊಲ್ ಸ್ಲೆಂಗ್ ಜೈಲು, ಕೈದಿಗಳನ್ನು ಕೊಂದು ಹೂತ ಚೊಯುಂಗ್ ಎಕ್ ಎರಡನ್ನೂ ತೋರಿಸುತ್ತೇವೆ ಅನ್ನುತ್ತಾರೆ. ನೋಡಲೇಬೇಕಾದ ಜಾಗಗಳೇ. ಆದರೆ ನಾಲ್ಕು ಗಂಟೆಗೆ ಊರು ಸೇರಿ ಐದಕ್ಕೆ ಮುಚ್ಚುವ ಜಾಗಕ್ಕೆ ಓಡಬೇಡಿ. ಶಾಲೆಯಾಗಿದ್ದ ಕಟ್ಟಡವನ್ನೇ ಸೆರೆಮನೆ ಮಾಡಿದ್ದು ತುವೊಲ್ ಸ್ಲೆಂಗ್. ಅಲ್ಲಿ ಗೋಡೆ ತುಂಬ ಕೈದಿಗಳ ಫೋಟೋಗಳಿವೆ. ಅದನ್ನು ನೋಡಿ ಬಂದು ಅರ್ಧ ಗಂಟೆಯಲ್ಲಿ ರಾತ್ರಿ ಮಾರುಕಟ್ಟೆಗೆ ಹೋಗುವುದು ನನ್ನಿಂದ ಆಗುತ್ತಿರಲಿಲ್ಲ. ವಯಸ್ಸಾದ ಡ್ರೈವರ್ ಸಿಕ್ಕರೆ ಆ ದಿನಗಳ ಬಗ್ಗೆ ನೀವಾಗಿ ಕೆದಕಬೇಡಿ. ಅವರೇ ಹೇಳಿದರೆ ಕೇಳಿಸಿಕೊಳ್ಳಿ.

ಹಾಸನದ ಹುಡುಗಿ:
ಸರಿ ಮೇಷ್ಟ್ರೇ, ಹಾಗೇ ಮಾಡುತ್ತೇವೆ. ಊಟದ ಬಗ್ಗೆ ಯಾರಾದರೂ ಹೇಳುತ್ತೀರಾ? ಅಮ್ಮನಿಗೆ ಮೀನಿನ ವಾಸನೆಯೂ ಆಗುವುದಿಲ್ಲ.

ಮಲೆನಾಡಿನವಳು:
ನಾನೂ ಸಸ್ಯಾಹಾರಿ, ಆದ್ದರಿಂದ ಇದು ನನ್ನ ವಿಷಯ. ಕಾಂಬೋಡಿಯದ ಅಡುಗೆಯಲ್ಲಿ ಮೀನಿನ ಸಾಸ್ ಎಲ್ಲ ಕಡೆ ಇರುತ್ತದೆ. ತರಕಾರಿ ಮಾತ್ರ ಅಂದರೂ ಒಗ್ಗರಣೆಗೆ ಅದು ಬಿದ್ದಿರುತ್ತದೆ. ‘ಬೂಸ್’ ಅಂತ ಕೇಳಿ. ಬೌದ್ಧರು ವ್ರತಕ್ಕೆ ಮಾಡುವ ಸಸ್ಯಾಹಾರಿ ಅಡುಗೆಗೆ ಹಾಗನ್ನುತ್ತಾರೆ. ಅಂಥ ಚಿಕ್ಕ ಹೋಟೆಲ್‌ಗಳಿವೆ, ಡ್ರೈವರ್‌ಗೆ ಗೊತ್ತಿರುತ್ತದೆ. ಅದು ಬೇಡ ಅಂದರೆ ನದಿ ದಂಡೆಯ ಹಿಂದಿನ ಬೀದಿಗಳಲ್ಲಿ ಭಾರತದ ಊಟದ ಹೋಟೆಲ್‌ಗಳಿವೆ.

ರಾತ್ರಿ ಮಾರುಕಟ್ಟೆ ನೋಡಲು ಹೋಗಿ, ಊಟಕ್ಕೆ ನೆಚ್ಚಬೇಡಿ. ಹುರಿದ ಮಿಡತೆ, ಸುಟ್ಟ ಮೀನು ಒಂದೇ ಸಾಲಿನಲ್ಲಿರುತ್ತವೆ, ಅಮ್ಮನಿಗೆ ವಾಸನೆ ಕಷ್ಟ ಆಗಬಹುದು. ಬೀದಿಯಲ್ಲಿ ನೋಮ್ ಕ್ರೋಕ್ ಸಿಕ್ಕರೆ ತಿನ್ನಿ. ಅಕ್ಕಿಹಿಟ್ಟು, ತೆಂಗಿನ ಹಾಲು ಕಲಸಿ ಗುಳಿ ಇರುವ ಕಾವಲಿಯಲ್ಲಿ ಬೇಯಿಸುತ್ತಾರೆ. ನೋಡುವುದಕ್ಕೆ ಥೇಟ್ ನಮ್ಮ ಪಡ್ಡು. ಜೊತೆಗೆ ಕೊಡುವ ಸಾಸ್ ಮಾತ್ರ ಬೇಡ ಅನ್ನಿ, ಅದರಲ್ಲಿ ಮೀನಿರುತ್ತದೆ. ಕರಿದ ಬಾಳೆಹಣ್ಣು, ಕಬ್ಬಿನ ಹಾಲು ಎಲ್ಲ ಮೂಲೆಯಲ್ಲೂ ಸಿಗುತ್ತವೆ.

ನದೀತೀರ:
ಹಣದ ಬಗ್ಗೆ ಎರಡು ಮಾತು. ಡಾಲರ್ ಎಲ್ಲ ಕಡೆ ನಡೆಯುತ್ತದೆ, ಚಿಲ್ಲರೆ ರಿಯಲ್‌ನಲ್ಲಿ ಕೊಡುತ್ತಾರೆ. ಡಾಲರಿಗೆ ಸುಮಾರು 4,000 ರಿಯಲ್. ಅಂಚು ಹರಿದ, ಕಲೆಯಾದ ಡಾಲರ್ ನೋಟು ಯಾರೂ ಮುಟ್ಟುವುದಿಲ್ಲ. ಊರಿನಿಂದ ಬರುವಾಗಲೇ ಒಳ್ಳೆಯ ನೋಟು ಆರಿಸಿ ತನ್ನಿ, ಒಂದು, ಐದು ಡಾಲರ್‌ನವು ಜಾಸ್ತಿ ಇರಲಿ.

ವಿಮಾನ ನಿಲ್ದಾಣವೂ ಬದಲಾಗಿದೆ. 2025ರ ಸೆಪ್ಟೆಂಬರ್ 9ರಿಂದ ವಿಮಾನಗಳೆಲ್ಲ ಊರಿನ ದಕ್ಷಿಣಕ್ಕಿರುವ ಹೊಸ ಟೆಚೊ ನಿಲ್ದಾಣಕ್ಕೆ ಬರುತ್ತವೆ. ಮೊದಲಿನ ನಿಲ್ದಾಣ ಊರಿಗೆ ಅಂಟಿಕೊಂಡಂತಿತ್ತು, ಅಲ್ಲಿಂದ ಟುಕ್‌ಟುಕ್‌ನಲ್ಲಿ ಬರುತ್ತಿದ್ದೆವು. ಈಗ ಸುಮಾರು 20 ಕಿಲೋಮೀಟರ್. ಸಾಮಾನು, ಹಿರಿಯರು ಇರುವಾಗ ಕಾರು ಮಾಡಿಕೊಳ್ಳಿ. ಆ ದಿನ ಗಾಡಿಗಳ ದಟ್ಟಣೆ ಇದ್ದರೆ ನಾಲ್ಕು ಗಂಟೆ ಅಂದದ್ದು ಐದಾಗಬಹುದು. ಹಾಗಾದರೆ ವಾಟ್ ಫ್ನೋಮ್ ಬಿಡಿ, ಅರಮನೆ ಮುಂದೆ ಕೂರುವುದನ್ನು ಬಿಡಬೇಡಿ.

ಪಯಣಿಗ:
ದೋಣಿ ವಿಹಾರ ಮಾಡಿದರೆ ಹೇಗೆ? ಅದೂ ಸಂಜೆಯೇ ಇರುತ್ತದಲ್ಲ.

ನದೀತೀರ:
ಅರಮನೆ ಗೋಪುರಗಳ ಹಿಂದೆ ಸೂರ್ಯ ಇಳಿಯುವುದನ್ನು ನೀರಿನ ಮೇಲಿಂದ ನೋಡುವುದು ಸೊಗಸು. ಆದರೆ ದೋಣಿಗೂ ಅರಮನೆ ಮುಂದಿನ ಹುಲ್ಲಿಗೂ ಇರುವುದು ಅದೇ ಒಂದು ಗಂಟೆ, ಎರಡರಲ್ಲಿ ಒಂದನ್ನು ಆರಿಸಬೇಕು. ದಂಡೆಯಿಂದ ದೋಣಿಗೆ ಇಳಿಯುವ ದಾರಿ ಕಡಿದಾಗಿದೆ. ಈ ಅಮ್ಮನಿಗೆ ನಾನು ದೋಣಿ ಹೇಳುವುದಿಲ್ಲ.

ಕರಾವಳಿ ಹುಡುಗ:
ನಾನು ನವೆಂಬರ್‌ನಲ್ಲಿ ಹೋಗುವವನಿದ್ದೇನೆ. ನೀರಿನ ಹಬ್ಬದ ಹೊತ್ತಿಗೆ ಟುಕ್‌ಟುಕ್ ಸುತ್ತಾಟ ಆಗುತ್ತದಾ?

ನದೀತೀರ:
ಹಬ್ಬದ ಮೂರು ದಿನ ಕಷ್ಟ ತಮ್ಮ. ಮಳೆಗಾಲದಲ್ಲಿ ಮೆಕಾಂಗ್ ಉಕ್ಕಿ ಟೊನ್ಲೆ ಸಾಪ್ ನದಿ ಹಿಮ್ಮುಖವಾಗಿ ಅದೇ ಹೆಸರಿನ ದೊಡ್ಡ ಕೆರೆಯ ಕಡೆಗೆ ಹರಿಯುತ್ತದೆ. ಮಳೆ ನಿಂತ ಮೇಲೆ ಮತ್ತೆ ಸಮುದ್ರದ ದಿಕ್ಕಿಗೆ ತಿರುಗುತ್ತದೆ. ಆ ತಿರುವಿನ ಹಬ್ಬ ಅದು, ಹುಣ್ಣಿಮೆಗೆ ಬರುತ್ತದೆ. ಉದ್ದುದ್ದ ದೋಣಿಗಳ ಪಂದ್ಯ ನೋಡಲು ದೇಶದ ಮೂಲೆ ಮೂಲೆಯಿಂದ ಜನ ಬರುತ್ತಾರೆ. ನದಿ ಪಕ್ಕದ ರಸ್ತೆಗಳಿಗೆ ಗಾಡಿ ಬಿಡುವುದಿಲ್ಲ. ಆ ದಿನ ಟುಕ್‌ಟುಕ್‌ನವರಿಗೆ ರಸ್ತೆ ಮುಚ್ಚಿರುವ ಜಾಗದ ತನಕ ಮಾತ್ರ ಬಾಡಿಗೆ ಮಾತಾಡಿ, ಆಮೇಲೆ ನಡೆಯಿರಿ. 2010ರ ನವೆಂಬರ್ 22ರ ರಾತ್ರಿ ಕೊಹ್ ಪಿಚ್ ದ್ವೀಪದ ಸೇತುವೆಯಲ್ಲಿ ಕಾಲ್ತುಳಿತ ಆಗಿ 340ಕ್ಕೂ ಹೆಚ್ಚು ಜನ ಸತ್ತರು. ಆದ್ದರಿಂದ ಹಬ್ಬದ ರಾತ್ರಿ ಇಕ್ಕಟ್ಟಾದ ಸೇತುವೆಗಳ ಕಡೆ ಹೋಗಬೇಡ. ಸ್ವಾತಂತ್ರ್ಯ ಸ್ಮಾರಕ, ಒಲಿಂಪಿಕ್ ಕ್ರೀಡಾಂಗಣ, ರೈಲು ನಿಲ್ದಾಣದ ಕಡೆ ಹಬ್ಬ ಮುಗಿದ ಮಾರನೆಯ ಸಂಜೆ ಹೊರಡು. ಅಷ್ಟು ಹೊತ್ತಿಗೆ ಹಳ್ಳಿಯವರು ವಾಪಸ್ ಹೊರಟಿರುತ್ತಾರೆ, ಬಾಡಿಗೆಯೂ ಇಳಿದಿರುತ್ತದೆ.